ಹ್ಯುಮಿಡಿಫೈಯರ್ ಹಚ್ಚಿದ್ದಾಯಿತು, ನಿಲ್ಲಿಸುವುದು ಯಾವಾಗ?

ಬಾಣಂತನ ಮುಗಿಸಿಕೊಂಡು ಮಗಳು ಗಂಡನ ಮನೆಗೆ ಹೊರಟ ಮೇಲೆ, ಕೋಣೆಗೆ ಬಣ್ಣ ಹೊಡೆಸೋಣವೆಂದು ಬೀರು ಸರಿಸಿದೆವು. ಹಿಂದಿನ ಗೋಡೆಯಲ್ಲಿ ನೆಲದಿಂದ ಸೊಂಟದೆತ್ತರದವರೆಗೆ ಕಪ್ಪು ಚುಕ್ಕೆ ಹಬ್ಬಿತ್ತು. ಬೆರಳಾಡಿಸಿದರೆ ಮಸಿಯಂತೆ ಅಂಟಿತು. ಮಳೆಗಾಲವಲ್ಲ, ಪೈಪು ಒಡೆದಿಲ್ಲ, ಮಹಡಿ ಮನೆಯವರ ಬಚ್ಚಲು ಆ ಕಡೆಗಿಲ್ಲ. ನೀರು ಬಂದದ್ದು ಸ್ಟೂಲಿನ ಮೇಲೆ ಕೂತು ಮೂರು ತಿಂಗಳು ಹಗಲೂ ರಾತ್ರಿ ಬಿಳಿ ಮಂಜು ಉಗುಳಿದ ಪುಟ್ಟ ಯಂತ್ರದಿಂದ. ಚಳಿಗೆ ಕೂಸಿನ ಮೂಗು ಕಟ್ಟುತ್ತದೆಂದು ಡಿಸೆಂಬರಿನಲ್ಲಿ ತಂದದ್ದು. ಜನವರಿಯಲ್ಲೇ ನಮ್ಮತ್ತೆ "ಗೋಡೆ ಬೆವರ್ತಾ ಇದೆ, ನೋಡ್ರೋ" ಎಂದಿದ್ದರು. ಬಾಣಂತಿ ಕೋಣೆಯ ಕಿಟಕಿ ತೆಗೆಯಲು ಬಿಡದವರೂ ಅವರೇ ಆದ್ದರಿಂದ ನಾವು ಆ ಮಾತನ್ನು ನಕ್ಕು ಬಿಟ್ಟಿದ್ದೆವು.

ನಿಮ್ಮ ಮನೆಯಲ್ಲೂ ಹೀಗೊಂದು ಯಂತ್ರ ಇರಬಹುದು. ನೀರು ತುಂಬುವುದು, ಗುಂಡಿ ಒತ್ತುವುದು, ಬಣ್ಣದ ದೀಪ ಬದಲಿಸುವುದು ಎಲ್ಲವೂ ಅದರ ಡಬ್ಬದ ಮೇಲೆ ಚಿತ್ರಸಮೇತ ಇರುತ್ತವೆ. ಯಾವಾಗ ನಿಲ್ಲಿಸಬೇಕೆಂಬುದು ಮಾತ್ರ ಇರುವುದಿಲ್ಲ. ಟ್ಯಾಂಕು ಬರಿದಾದರೆ ತಾನೇ ನಿಲ್ಲುತ್ತದೆ ಎಂದಷ್ಟೇ ಇರುತ್ತದೆ. ನಮ್ಮ ತಪ್ಪೆಲ್ಲ ಶುರುವಾಗುವುದು ಅಲ್ಲಿಂದಲೇ.

ಒಂದು ಲೋಟ ನೀರಿನ ಲೆಕ್ಕ

ಗಾಳಿ ಬೆಚ್ಚಗಾದಷ್ಟೂ ಅದು ಹಿಡಿದಿಡಬಲ್ಲ ನೀರಾವಿ ಹೆಚ್ಚುತ್ತದೆ. ಒಂದು ಘನ ಮೀಟರ್ ಗಾಳಿ 10 ಡಿಗ್ರಿ ಸೆಲ್ಸಿಯಸ್‌ನಲ್ಲಿ ಹೆಚ್ಚೆಂದರೆ 9.4 ಗ್ರಾಂ ನೀರಾವಿ ಹಿಡಿಯುತ್ತದೆ, 20 ಡಿಗ್ರಿಯಲ್ಲಿ 17.3 ಗ್ರಾಂ, 30 ಡಿಗ್ರಿಯಲ್ಲಿ 30 ಗ್ರಾಂ ಚಿಲ್ಲರೆ. ಹಿಡಿಯಬಲ್ಲದ್ದರಲ್ಲಿ ಎಷ್ಟು ಪಾಲು ತುಂಬಿದೆ ಎಂಬುದೇ ಸಾಪೇಕ್ಷ ಆರ್ದ್ರತೆ. ಮೊಬೈಲಿನ ಹವಾಮಾನ ಪುಟದಲ್ಲಿ ಶೇಕಡಾ ಗುರುತಿನೊಂದಿಗೆ ಕಾಣುವುದು ಇದು. ಇದನ್ನು ಅಳೆಯಲು 1783ರಲ್ಲಿ ಸ್ವಿಟ್ಜರ್ಲೆಂಡಿನ ಸೊಸ್ಯೂರ್ ಎಂಬ ವಿಜ್ಞಾನಿ ಮನುಷ್ಯರ ತಲೆಗೂದಲನ್ನೇ ಬಳಸಿದ್ದ. ತೇವಕ್ಕೆ ಕೂದಲು ತುಸು ಉದ್ದವಾಗುತ್ತದೆ, ಒಣಗಿದರೆ ಕುಗ್ಗುತ್ತದೆ. ಇತಿಹಾಸ ಇಷ್ಟು ಸಾಕು, ಲೆಕ್ಕಕ್ಕೆ ಬರೋಣ.

ಹನ್ನೆರಡಕ್ಕೆ ಹನ್ನೆರಡು ಅಡಿಯ, ಹತ್ತಡಿ ಎತ್ತರದ ಮಲಗುವ ಕೋಣೆ ಎಂದಿಟ್ಟುಕೊಳ್ಳಿ. ಅದರಲ್ಲಿರುವ ಗಾಳಿ ಸುಮಾರು 41 ಘನ ಮೀಟರ್. 25 ಡಿಗ್ರಿಯಲ್ಲಿ ಘನ ಮೀಟರಿಗೆ 23 ಗ್ರಾಂ. ಅಂದರೆ ಆ ಕೋಣೆಯ ಗಾಳಿ ಕಂಠಪೂರ್ತಿ ತುಂಬಿದರೂ ಹಿಡಿಸುವ ನೀರು ಒಂದು ಲೀಟರಿಗಿಂತ ಕಡಿಮೆ. ಒಣಗಿದ ಕೋಣೆಯನ್ನು ಶೇ. 35ರಿಂದ 50ಕ್ಕೆ ತರಲು ಬೇಕಾದದ್ದು 140 ಗ್ರಾಂ, ಸಣ್ಣದೊಂದು ಲೋಟದಷ್ಟು ನೀರು! ನೀವು ಮಲಗುವ ಮುಂಚೆ ತುಂಬಿಸಿಟ್ಟ ಟ್ಯಾಂಕು ಎಷ್ಟರದು? ಮೂರು ಲೀಟರ್, ನಾಲ್ಕು ಲೀಟರ್.

ಮಿಕ್ಕಿದ್ದು ಎಲ್ಲಿಗೆ ಹೋಯಿತು? ಬಾಗಿಲು, ಕಿಟಕಿಗಳ ಸಂದಿಯಿಂದ ಒಂದಷ್ಟು ಹೊರಗೆ ಹೋಗುತ್ತದೆ. ಹಾಗೆ ಹೋಗುವುದರಿಂದಲೇ ಮಾಮೂಲಿ ಮನೆಗಳು ಬಚಾವಾಗಿವೆ. ಸಂದಿಗೆಲ್ಲ ರಬ್ಬರ್ ಪಟ್ಟಿ ಬಿಗಿದ ಹೊಸ ಅಪಾರ್ಟ್‌ಮೆಂಟುಗಳಲ್ಲಿ, ಪರದೆ ಎಳೆದು ಕಿಟಕಿ ಮುಚ್ಚಿದ ಬಾಣಂತಿ ಕೋಣೆಗಳಲ್ಲಿ ಅದು ಹಾಸಿಗೆ, ದಿಂಬು, ಪುಸ್ತಕ, ಬೀರಿನ ಹಿಂಬದಿಯ ಗೋಡೆ ಎಂದು ಜಾಗ ಹುಡುಕಿಕೊಳ್ಳುತ್ತದೆ. ಇದರ ಜೊತೆಗೆ ಮಲಗಿರುವ ದೊಡ್ಡವರೊಬ್ಬರು ಉಸಿರು, ಬೆವರುಗಳ ಮೂಲಕ ಗಂಟೆಗೆ 30-40 ಗ್ರಾಂ ನೀರು ಬಿಡುತ್ತಾರೆ. ಇಬ್ಬರು ಎಂಟು ಗಂಟೆ ಮಲಗಿದರೆ ಅರ್ಧ ಲೀಟರ್. ಕೋಣೆಗೆ ಬೇಕಾದ ಆ ಒಂದು ಲೋಟವನ್ನು ನೀವೇ ಪೂರೈಸುತ್ತಿದ್ದೀರಿ.

ಶೇ. 50 ಎಂಬ ಗೆರೆ ಏಕೆ?

ಮನೆಯೊಳಗೆ ಶೇ. 40ರಿಂದ 50 ಇದ್ದರೆ ನೆಮ್ಮದಿ. 30ರವರೆಗೆ ಇಳಿದರೂ ಹೆಚ್ಚಿನವರಿಗೆ ತೊಂದರೆ ಇಲ್ಲ. ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆ ಮನೆಗಳಿಗೆ ಹೇಳುವುದೂ 30ರಿಂದ 50, ಯಾವ ಕಾರಣಕ್ಕೂ 60 ದಾಟಬಾರದು ಎಂದು.

ಈ ಗೆರೆ ಸುಮ್ಮನೆ ಎಳೆದದ್ದಲ್ಲ. ಹಾಸಿಗೆಯಲ್ಲಿ, ದಿಂಬಿನಲ್ಲಿ ಕಣ್ಣಿಗೆ ಕಾಣದ ಧೂಳಿನ ನುಸಿಗಳಿರುತ್ತವೆ. ಮನೆಯ ಧೂಳಿನ ಅಲರ್ಜಿಗೆ ಇವೇ ಮುಖ್ಯ ಕಾರಣ ಎಂದು 1960ರ ದಶಕದಲ್ಲಿ ನೆದರ್‌ಲೆಂಡ್ಸ್‌ನ ಲೈಡನ್ನಿನಲ್ಲಿ ಕಂಡುಕೊಂಡರು. ಇವು ಬಾಯಲ್ಲಿ ನೀರು ಕುಡಿಯುವುದಿಲ್ಲ. ಗಾಳಿಯ ತೇವವನ್ನೇ ಮೈಗೆ ಎಳೆದುಕೊಂಡು ಬದುಕುತ್ತವೆ. ಶೇ. 50ಕ್ಕಿಂತ ಕೆಳಗೆ ವಾರಗಟ್ಟಲೆ ಇಟ್ಟರೆ ಒಣಗಿ ಸಾಯುತ್ತವೆ, 70 ದಾಟಿಸಿದರೆ ಸಂಸಾರ ಬೆಳೆಸುತ್ತವೆ. ಉಬ್ಬಸ ಇರುವವರ ಕೋಣೆಯಲ್ಲಿ ಹ್ಯುಮಿಡಿಫೈಯರ್ ಇಡೀ ರಾತ್ರಿ ಓಡಿಸುವುದು ಈ ನುಸಿಗಳಿಗೆ ಔತಣ ಹಾಕಿದಂತೆ.

ಎರಡನೆಯದು ಬೂಷ್ಟು. ನನ್ನ ಬೀರಿನ ಹಿಂದೆ ಆದದ್ದು ಇದು. ಕೋಣೆಯ ನಡುವೆ 24 ಡಿಗ್ರಿ, ಶೇ. 60 ಇದೆ ಎನ್ನಿ. ಬಯಲಿಗೆ ಮುಖ ಮಾಡಿದ ಗೋಡೆ ರಾತ್ರಿ 18 ಡಿಗ್ರಿಗೆ ಇಳಿದಿರುತ್ತದೆ, ಬೀರು ಅಡ್ಡ ಇರುವುದರಿಂದ ಅಲ್ಲಿ ಗಾಳಿ ಆಡುವುದಿಲ್ಲ. ಅದೇ ಗಾಳಿ ಆ ತಣ್ಣನೆಯ ಗೋಡೆಗೆ ತಾಗಿದಾಗ ಶೇ. 87 ಆಗಿಬಿಡುತ್ತದೆ. ಮೇಜಿನ ಮೇಲಿನ ಮೀಟರಿಗೆ 60, ಗೋಡೆಗೆ 87. ಬೂಷ್ಟಿಗೆ ನೀರು ಸುರಿಯಬೇಕಾಗಿಲ್ಲ, ಅಷ್ಟೇ ಸಾಕು. ಹಾಗಾಗಿ 60 ಬಂದಾಗ ನಿಲ್ಲಿಸುತ್ತೇನೆ ಎನ್ನಬೇಡಿ. 50ರಲ್ಲೇ ನಿಲ್ಲಿಸಿ, ನಡುವಿನ ಹತ್ತು ಅಂಕೆ ಗೋಡೆಗೆ ಬಿಟ್ಟ ಬಾಕಿ.

ಮೊದಲು ಮೀಟರ್, ಆಮೇಲೆ ಯಂತ್ರ

ಕೆಲವು ಯಂತ್ರಗಳಲ್ಲೇ ಶೇಕಡಾ ತೋರಿಸುವ ಪರದೆ ಇರುತ್ತದೆ. ತನ್ನ ಬಾಯಿಂದ ತಾನೇ ಬಿಟ್ಟ ಮಂಜನ್ನು ತಾನೇ ಅಳೆಯುವ ಮೀಟರ್ ಅದು. ಪ್ರತ್ಯೇಕ ಹೈಗ್ರೋಮೀಟರ್ ತನ್ನಿ. ಮಕ್ಕಳ ಗಡಿಯಾರದಷ್ಟು ಚಿಕ್ಕದು, ಕೆಲವು ನೂರು ರೂಪಾಯಿಗೆ ಸಿಗುತ್ತದೆ. ಅಗ್ಗದವು ಐದಾರು ಅಂಕೆ ಆಚೀಚೆ ತೋರಿಸುವುದುಂಟು. ಮನೆಯ ಉಪ್ಪಿನಿಂದಲೇ ಅದನ್ನು ಪರೀಕ್ಷಿಸಬಹುದು. ಒದ್ದೆ ಉಪ್ಪಿರುವ ಮುಚ್ಚಿದ ಪಾತ್ರೆಯ ಗಾಳಿ ಎಲ್ಲೇ ಆಗಲಿ ಶೇ. 75ಕ್ಕೆ ಬಂದು ನಿಲ್ಲುತ್ತದೆ. ಅದು ಉಪ್ಪಿನ ಗುಣ.

1. ಬಾಟಲಿ ಮುಚ್ಚಳವೊಂದರಲ್ಲಿ ಪುಡಿ ಉಪ್ಪು ತುಂಬಿ ಕೆಲವು ಹನಿ ನೀರು ಹಾಕಿ. ಒದ್ದೆ ಮರಳಿನಂತಿರಬೇಕು, ಕರಗಿ ನೀರಾಗಬಾರದು.

2. ಪಾರದರ್ಶಕ ಡಬ್ಬಿಯಲ್ಲಿ ಮುಚ್ಚಳವನ್ನೂ ಮೀಟರನ್ನೂ ಪಕ್ಕಪಕ್ಕ ಇಟ್ಟು ಗಾಳಿಯಾಡದಂತೆ ಮುಚ್ಚಿ. ಮೀಟರಿಗೆ ಉಪ್ಪು ತಾಗಬಾರದು.

3. ಬಿಸಿಲು ಬೀಳದ ಕಡೆ ಒಂದು ರಾತ್ರಿ ಬಿಡಿ. ಬೆಳಿಗ್ಗೆ ಡಬ್ಬಿ ತೆರೆಯದೆ ಓದಿ.

4. 75 ಇದ್ದರೆ ಮೀಟರ್ ಸರಿ. 80 ತೋರಿಸಿದರೆ ಇನ್ನು ಮುಂದೆ ಅದು ಹೇಳಿದ್ದರಲ್ಲಿ 5 ಕಳೆಯಿರಿ. 69 ಎಂದರೆ 6 ಕೂಡಿಸಿ. ಸ್ಟಿಕರಿನಲ್ಲಿ ಬರೆದು ಬೆನ್ನಿಗೆ ಅಂಟಿಸಿ.

ಮೀಟರನ್ನು ಯಂತ್ರದಿಂದ ಕನಿಷ್ಠ ಐದಾರು ಅಡಿ ದೂರ, ಮಲಗಿದವರ ತಲೆಯ ಎತ್ತರದಲ್ಲಿ ಇಡಿ. ಕಿಟಕಿ, ಎ.ಸಿ., ಬಚ್ಚಲ ಬಾಗಿಲು ಇವುಗಳ ಪಕ್ಕ ಬೇಡ. ನನ್ನ ಹಾಗೆ ಒಮ್ಮೆ ಕೈ ಸುಟ್ಟುಕೊಂಡವರು ಎರಡು ತಂದು ಒಂದನ್ನು ಬೀರಿನ ಹಿಂದೆ ತೂರಿಸಿಡುವುದೂ ಉಂಟು.

ಮೀಟರ್ ಬರುವ ತನಕ ಮನೆಯೇ ಕೆಲವು ಸೂಚನೆ ಕೊಡುತ್ತದೆ. ಆದರೆ ಇವೆಲ್ಲ ತಡವಾಗಿ ಬರುವ ಸೂಚನೆಗಳು: ಇವು ಕಾಣುವ ಹೊತ್ತಿಗೆ ಗೆರೆ ದಾಟಿ ಬಹಳ ದಿನ ಆಗಿರುತ್ತದೆ. ಕಿಟಕಿ ಗಾಜಿನ ಒಳಮೈಯಲ್ಲಿ ಬೆಳಿಗ್ಗೆ ನೀರ ಹನಿ. ಕರಿದಿಟ್ಟ ಹಪ್ಪಳ ತಟ್ಟೆಯಲ್ಲೇ ಮೆತ್ತಗಾಗುವುದು. ಉಪ್ಪಿನ ಭರಣಿ ನೀರೊಡೆಯುವುದು. ಬೆಂಕಿಕಡ್ಡಿ ಗೀರಿದರೆ ಮದ್ದು ಉದುರುವುದು. ಚಳಿಗಾಲದಲ್ಲಿ ಸಲೀಸಾಗಿ ಹಾಕುತ್ತಿದ್ದ ಬಾಗಿಲು ಚೌಕಟ್ಟಿಗೆ ಹಿಡಿಯುವುದು. ಬೀರು ತೆರೆದರೆ ಮುಗ್ಗಲು ವಾಸನೆ. ಹೊದಿಕೆ ಮೈಗೆ ತಣ್ಣಗೆ ತಾಗುವುದು. ಮನೆಯಲ್ಲಿ ಮೃದಂಗ ನುಡಿಸುವವರಿದ್ದರೆ ಎಲ್ಲರಿಗಿಂತ ಮೊದಲು ಅವರಿಗೇ ಗೊತ್ತಾಗುತ್ತದೆ. ಚರ್ಮ ತೇವ ಕುಡಿದು ಸಡಿಲವಾಗಿ ಶ್ರುತಿ ಇಳಿದಿರುತ್ತದೆ.

ಇವತ್ತು ರಾತ್ರಿ ನಿಲ್ಲಿಸುವುದು

ಮೊದಲು ನಿಮ್ಮ ಯಂತ್ರ ಯಾವ ಜಾತಿಯದು ನೋಡಿ. ಒದ್ದೆ ಬತ್ತಿಯ ಮೂಲಕ ಫ್ಯಾನು ಗಾಳಿ ಹಾಯಿಸುವ ಯಂತ್ರವಾದರೆ ಅದಕ್ಕೆ ಸ್ವಲ್ಪ ವಿವೇಕ ಇದೆ. ಗಾಳಿ ತುಂಬುತ್ತಾ ಬಂದಂತೆ ಬತ್ತಿಯಿಂದ ನೀರು ಆರುವುದು ತಾನೇ ನಿಧಾನವಾಗುತ್ತದೆ. ನಮ್ಮ ಅಂಗಡಿಗಳಲ್ಲಿ ಹೆಚ್ಚು ಕಾಣುವುದು ಅಲ್ಟ್ರಾಸಾನಿಕ್. ಪುಟ್ಟ ತಟ್ಟೆಯೊಂದು ಕಿವಿಗೆ ಕೇಳದಷ್ಟು ವೇಗವಾಗಿ ನಡುಗಿ ನೀರನ್ನು ಹನಿಹನಿಯಾಗಿ ಒಡೆದು ಎಸೆಯುತ್ತದೆ. ಕೋಣೆ ತುಂಬಿದರೂ, ಗೋಡೆ ಬೆವರಿದರೂ ಅದಕ್ಕೆ ಗೊತ್ತಾಗುವುದಿಲ್ಲ. ಗಂಟೆಗೆ 200-300 ಮಿಲಿಲೀಟರ್ ಎಸೆಯುತ್ತಲೇ ಇರುತ್ತದೆ. ಇದನ್ನು ನಿಲ್ಲಿಸುವ ಕೆಲಸ ಪೂರ್ತಿ ನಿಮ್ಮದು.

1. ಹಚ್ಚುವ ಮುಂಚೆ ಮೀಟರ್ ನೋಡಿ. ಈಗಾಗಲೇ 45 ಇದ್ದರೆ ಇವತ್ತು ಬೇಡ. ರಾತ್ರಿ ಕೋಣೆ ತಣಿದಂತೆ, ನೀವು ಉಸಿರಾಡಿದಂತೆ ಅದು ತಾನೇ ಏರುತ್ತದೆ.

2. 35 ಅಥವಾ ಅದಕ್ಕಿಂತ ಕಡಿಮೆ ಇದ್ದರೆ ಮಲಗುವ ಒಂದು ಗಂಟೆ ಮೊದಲು ಹಚ್ಚಿ. 50 ತೋರಿಸಿದ ಕೂಡಲೇ ಆಫ್ ಮಾಡಿ. ಎಚ್ಚರವಿರುವುದಿಲ್ಲ ಎನ್ನುವವರು ಪ್ಲಗ್ಗಿಗೆ ಟೈಮರ್ ಹಾಕಿ, ಎರಡು ಗಂಟೆ ಸಾಕು.

3. ಟ್ಯಾಂಕು ತುಂಬಿಸುವ ಅಭ್ಯಾಸ ಬಿಡಿ. ಅರ್ಧ ಲೀಟರ್ ಹಾಕಿ. ನೀವು ಮರೆತರೂ ನೀರು ಮುಗಿದು ನಿಲ್ಲುತ್ತದೆ. ನನಗೆ ಕೊನೆಗೂ ಒಗ್ಗಿದ ಉಪಾಯ ಇದೊಂದೇ.

4. ಒಗೆದ ಬಟ್ಟೆ ಕೋಣೆಯೊಳಗೆ ಹರವಿದ ದಿನ ಯಂತ್ರ ಮುಟ್ಟಬೇಡಿ. ಒಂದು ಸಲದ ಬಟ್ಟೆ ಒಣಗುವಾಗ ಒಂದೆರಡು ಲೀಟರ್ ನೀರು ಗಾಳಿಗೆ ಸೇರುತ್ತದೆ. ಒಣ ದಿನಗಳಲ್ಲಿ ಬೇಕಾದರೆ ಇದನ್ನೇ ಹ್ಯುಮಿಡಿಫೈಯರ್ ಎಂದುಕೊಳ್ಳಿ, ಕರೆಂಟೂ ಬೇಡ.

5. ಬೆಳಿಗ್ಗೆ ಎದ್ದವರೇ ಕಾಲು ಗಂಟೆ ಕಿಟಕಿ ತೆರೆಯಿರಿ. ಉಳಿದ ನೀರು ಚೆಲ್ಲಿ.

ಎ.ಸಿ. ಓಡುವ ಕೋಣೆಯ ಮಾತು ಬೇರೆ. ಎ.ಸಿ. ಹುಟ್ಟಿದ್ದೇ ತೇವ ತೆಗೆಯಲು. 1902ರಲ್ಲಿ ನ್ಯೂಯಾರ್ಕಿನ ಬ್ರೂಕ್ಲಿನ್‌ನ ಮುದ್ರಣಾಲಯವೊಂದರಲ್ಲಿ ಕಾಗದ ತೇವಕ್ಕೆ ಹಿಗ್ಗಿ ಬಣ್ಣಗಳು ಒಂದರ ಮೇಲೊಂದು ಕೂರುತ್ತಿರಲಿಲ್ಲ. ಅದಕ್ಕೆ ವಿಲ್ಲಿಸ್ ಕ್ಯಾರಿಯರ್ ಎಂಬ ಎಂಜಿನಿಯರ್ ಹುಡುಕಿದ ಪರಿಹಾರದಿಂದ ಇವತ್ತಿನ ಎ.ಸಿ. ಬಂತು. ನಿಮ್ಮ ಯಂತ್ರ ಮಂಜು ಎಸೆಯುತ್ತಿದ್ದರೆ ಎ.ಸಿ.ಯ ತಣ್ಣನೆಯ ಸುರುಳಿ ಅದನ್ನು ನೀರಾಗಿಸಿ ಹೊರಗಿನ ಪೈಪಿನಿಂದ ತೊಟ್ಟಿಕ್ಕಿಸುತ್ತಿರುತ್ತದೆ. ಎ.ಸಿ.ಯಿಂದ ಗಂಟಲು ಒಣಗುವವರು ಮೊದಲು ಅದರ ಉಷ್ಣಾಂಶವನ್ನು 26ಕ್ಕೆ ಏರಿಸಿ, ಗಾಳಿ ನೇರ ಮುಖಕ್ಕೆ ಬೀಳದಂತೆ ತಿರುಗಿಸಿ. ಆಮೇಲೂ ಮೀಟರ್ 40ಕ್ಕಿಂತ ಕೆಳಗೆ ತೋರಿಸಿದರೆ ಯಂತ್ರದ ಯೋಚನೆ ಮಾಡಿ.

ಈ ವರ್ಷಕ್ಕೆ ನಿಲ್ಲಿಸುವುದು

ನಾವು ಡಿಸೆಂಬರಿನಲ್ಲಿ ಹಚ್ಚಿದ್ದೇ ತಪ್ಪು. ಬೆಂಗಳೂರು, ಮೈಸೂರಿನ ಕಡೆ ಡಿಸೆಂಬರಿನ ಬೆಳಗಿನ ಗಾಳಿ ಒಣಗಿರುವುದಿಲ್ಲ, ಮಂಜು ಮುಸುಕಿ ದೇವನಹಳ್ಳಿಯಲ್ಲಿ ವಿಮಾನಗಳು ತಡವಾಗುವ ದಿನಗಳವು. ಹಾಗಾದರೆ ತುಟಿ ಒಡೆಯುವುದೇಕೆ? 15 ಡಿಗ್ರಿಯ ಗಾಳಿ ಶೇ. 80 ತುಂಬಿದ್ದರೂ ಅದರಲ್ಲಿರುವ ನೀರಾವಿ ಘನ ಮೀಟರಿಗೆ ಹತ್ತು ಗ್ರಾಂ ಅಷ್ಟೇ. ಅದು 33 ಡಿಗ್ರಿಯ ನಮ್ಮ ಚರ್ಮಕ್ಕೆ ತಾಗಿ ಬೆಚ್ಚಗಾದಾಗ ಶೇ. 30ಕ್ಕೆ ಇಳಿದು ಚರ್ಮದ ನೀರು ಹೀರುತ್ತದೆ. ಇದಕ್ಕೆ ತುಟಿಗೆ ತುಪ್ಪ, ಮೈಗೆ ಕೊಬ್ಬರಿ ಎಣ್ಣೆ ಮದ್ದೇ ಹೊರತು ಕೋಣೆಗೆ ಮಂಜಲ್ಲ. ಕೋಣೆಯ ಮೀಟರ್ ಆಗಲೇ 50ರ ಮೇಲಿರುತ್ತದೆ.

ನಿಜವಾದ ಒಣಹವೆ ಬರುವುದು ಶಿವರಾತ್ರಿಗೆ ಚಳಿ ಶಿವಶಿವಾ ಎಂದು ಓಡಿದ ಮೇಲೆ. ಫೆಬ್ರವರಿ, ಮಾರ್ಚಿನ ಮಧ್ಯಾಹ್ನಗಳಲ್ಲಿ ಬೆಂಗಳೂರಿನ ಗಾಳಿ ಶೇ. 30ರ ಸುತ್ತ, ಕೆಲವು ದಿನ ಅದಕ್ಕೂ ಕೆಳಗೆ ಇರುತ್ತದೆ. ನಮ್ಮ ಕಡೆಯವರಿಗೆ ಹ್ಯುಮಿಡಿಫೈಯರ್ ಬೇಕಾದರೆ ಈ ಆರೆಂಟು ವಾರ. ಮೊದಲ ಮಾವಿನ ಮಳೆ ಬಿದ್ದು ಮಣ್ಣಿನ ವಾಸನೆ ಎದ್ದರೆ ಎಚ್ಚರಾಗಿ, ದಿನವೂ ಮೀಟರ್ ನೋಡಿ. ಅಶ್ವಿನಿ ಮಳೆ ಕಳೆದು ಭರಣಿ ಹುಟ್ಟಿತೆಂದರೆ, ಅಂದರೆ ಏಪ್ರಿಲ್ ಕೊನೆಯ ವಾರಕ್ಕೆ, ಯಂತ್ರ ಎತ್ತಿಡಿ.

ಪಂಚಾಂಗ ಬೇಡ, ಅಂಕೆ ಬೇಕು ಎನ್ನುವವರು ಮೊಬೈಲಿನ ಹವಾಮಾನ ಪುಟದಲ್ಲಿ ಇಬ್ಬನಿ ಬಿಂದು ಹುಡುಕಿ. ಡ್ಯೂ ಪಾಯಿಂಟ್ ಎಂದಿರುತ್ತದೆ. ಗಾಳಿಯಲ್ಲಿ ನಿಜಕ್ಕೂ ಎಷ್ಟು ನೀರಿದೆ ಎಂಬುದನ್ನು ಅದು ಹೇಳುತ್ತದೆ. ಹೊರಗೆ ಅದು 5 ಡಿಗ್ರಿ ಇದ್ದರೆ 25 ಡಿಗ್ರಿಯ ನಿಮ್ಮ ಕೋಣೆಯಲ್ಲಿ ಸುಮಾರು ಶೇ. 27, 10 ಇದ್ದರೆ 39, 15 ಇದ್ದರೆ 54, 18 ಇದ್ದರೆ 65. ಒಂದು ವಾರ ಸತತವಾಗಿ 13-14ರ ಮೇಲಿದ್ದರೆ ಈ ವರ್ಷದ ಕೆಲಸ ಮುಗಿಯಿತು.

ಮಂಗಳೂರು, ಉಡುಪಿ, ಕಾರವಾರದವರು ಈ ಭಾಗ ಬಿಟ್ಟು ಓದಬಹುದು. ಸೆಕೆಯ ಊರಿಗೆ ಈ ಯಂತ್ರ ಕೊಂಡುಹೋಗುವುದು ಸಮುದ್ರಕ್ಕೆ ಉಪ್ಪು ಹೊತ್ತಂತೆ. ಮಲೆನಾಡಿನಲ್ಲೂ ಹೆಚ್ಚುಕಡಿಮೆ ಹಾಗೇ. ಕಲಬುರಗಿ, ರಾಯಚೂರು, ಬಳ್ಳಾರಿಯವರಿಗೆ ನಾನು ಹೇಳಿಕೊಡುವಂಥದ್ದೇನಿಲ್ಲ. ಅವರ ಮನೆಯ ಕೂಲರ್ ಎಂದರೆ ದೊಡ್ಡದೊಂದು ಹ್ಯುಮಿಡಿಫೈಯರೇ. ಕಿಟಕಿ ತೆರೆದಿಡದಿದ್ದರೆ ಕೂಲರಿನ ಕೋಣೆ ಜಿಗುಟಾಗುತ್ತದೆ, ಮಳೆಗಾಲ ಕಾಲಿಟ್ಟರೆ ಕೂಲರ್ ತಂಪು ಕೊಡುವುದಿಲ್ಲ ಎಂಬುದು ಅಲ್ಲಿನ ಮಕ್ಕಳಿಗೂ ಗೊತ್ತು.

ನಿಲ್ಲಿಸುವುದನ್ನು ನಿಜಕ್ಕೂ ಬಲ್ಲವರು ರಾಮನಗರ, ಕೋಲಾರದ ರೇಷ್ಮೆ ಬೆಳೆಗಾರರು. ಚಾಕಿ ಎನ್ನುವ ಎಳೆಯ ಹುಳುವಿಗೆ ಶೇ. 80-90 ತೇವ ಬೇಕೆಂದು ಸಾಕಣೆ ಮನೆಯಲ್ಲಿ ಒದ್ದೆ ಗೋಣಿ ಕಟ್ಟುತ್ತಾರೆ, ನೆಲಕ್ಕೆ ನೀರು ಚಿಮುಕಿಸುತ್ತಾರೆ. ಹುಳು ಜ್ವರಕ್ಕೆ ಕೂತಿತೋ, ಪೊರೆ ಬಿಡುವ ಆ ಹೊತ್ತಿಗೆ ಗೋಣಿ ಬಿಚ್ಚಿ, ಕಿಟಕಿ ತೆರೆದು, ಸುಣ್ಣದ ಪುಡಿ ಉದುರಿಸಿ ಒಣಗಿಸುತ್ತಾರೆ. ಬಲಿತ ಹಣ್ಣು ಹುಳು ಚಂದ್ರಿಕೆಯ ತಟ್ಟೆ ಏರಿ ಗೂಡು ಕಟ್ಟುವಾಗ 60-65 ಸಾಕು. ಒಂದೇ ಬೆಳೆಯಲ್ಲಿ ಎಷ್ಟು ಸಲ ನಿಲ್ಲಿಸಿ, ಎಷ್ಟು ಸಲ ಶುರುಮಾಡುತ್ತಾರೆ ಲೆಕ್ಕ ಹಾಕಿ. ನಾವು ಮೂರು ತಿಂಗಳಲ್ಲಿ ಒಮ್ಮೆಯೂ ನಿಲ್ಲಿಸಿರಲಿಲ್ಲ.

ಅಮೆರಿಕ, ಕೆನಡಾದಲ್ಲಿರುವ ಮಕ್ಕಳ ಮನೆಗೆ ಹೋಗುವವರಿಗೊಂದು ಮಾತು. ಅಲ್ಲಿ ಹೊರಗಿನ ಸೊನ್ನೆ ಡಿಗ್ರಿಯ ಗಾಳಿಯನ್ನು ಫರ್ನೇಸ್ 21ಕ್ಕೆ ಬಿಸಿ ಮಾಡಿದಾಗ ಒಳಗೆ ಶೇ. 20ರ ಆಸುಪಾಸಿಗೆ ಇಳಿಯುತ್ತದೆ. ಯಂತ್ರ ನಿಜಕ್ಕೂ ಬೇಕಾದ ಜಾಗ ಅದು. ಆದರೂ ಅಲ್ಲಿ 50 ಗುರಿಯಲ್ಲ. ಹೊರಗೆ ಮೈನಸ್ 18 ಡಿಗ್ರಿ ಇದ್ದಾಗ 25-30 ದಾಟಿಸಿದರೆ ಕಿಟಕಿಯ ಒಳಮೈಯಲ್ಲೇ ನೀರು ಕೂತು ಮಂಜುಗಡ್ಡೆಯಾಗುತ್ತದೆ. ಚಳಿ ಇನ್ನೂ ಹೆಚ್ಚಿದರೆ ಇನ್ನೂ ಇಳಿಸಬೇಕು. ವಸಂತದಲ್ಲಿ ಫರ್ನೇಸ್ ಹೊತ್ತಿಕೊಳ್ಳುವುದು ನಿಂತಾಗ ಅದಕ್ಕೆ ಜೋಡಿಸಿದ ಹ್ಯುಮಿಡಿಫೈಯರಿನ ನೀರಿನ ನಲ್ಲಿ ಮುಚ್ಚಿ, ಗಾಳಿಯ ತಡೆಯನ್ನು ಬೇಸಿಗೆ ಎಂಬ ಗುರುತಿನ ಕಡೆಗೆ ತಿರುಗಿಸಬೇಕು.

ಪ್ಲಗ್ ಕಿತ್ತು ಆಮೇಲೆ ಯೋಚಿಸಬೇಕಾದ್ದು

ಮೀಟರ್ ಏನೇ ಹೇಳಲಿ, ಈ ಸಂದರ್ಭಗಳಲ್ಲಿ ಯಂತ್ರ ಓಡಬಾರದು.

ಟ್ಯಾಂಕಿನ ಒಳಗೆ ಬೆರಳಿಟ್ಟರೆ ಲೋಳೆ ಲೋಳೆ ಆಗಿದ್ದರೆ, ನೀರಿಗೆ ವಾಸನೆ ಬಂದಿದ್ದರೆ. ನಿಂತ ನೀರಿನಲ್ಲಿ ಬೆಳೆದದ್ದನ್ನೆಲ್ಲ ಅಲ್ಟ್ರಾಸಾನಿಕ್ ಯಂತ್ರ ನೇರ ನಿಮ್ಮ ಶ್ವಾಸಕೋಶಕ್ಕೆ ಎರಚುತ್ತದೆ. ಇದರಿಂದ ಬರುವ ಜ್ವರ, ಕೆಮ್ಮಿಗೆ ವೈದ್ಯರು ಹ್ಯುಮಿಡಿಫೈಯರ್ ಜ್ವರ ಎಂದೇ ಹೆಸರಿಟ್ಟಿದ್ದಾರೆ. ಮನೆಯಲ್ಲಿದ್ದಾಗ ಕೆಮ್ಮು, ಮೈ ಬಿಸಿ, ಎದೆ ಬಿಗಿತ, ಊರಿಗೆ ಹೋದ ಎರಡು ದಿನ ಆರಾಮ, ವಾಪಸು ಬಂದರೆ ಮತ್ತೆ ಶುರು ಎನ್ನುವ ಹಾಗಿದ್ದರೆ ಯಂತ್ರ ಪಕ್ಕಕ್ಕಿಟ್ಟು ವೈದ್ಯರ ಹತ್ತಿರ ಈ ಯಂತ್ರದ ಮಾತನ್ನೂ ಹೇಳಿ. ಅವರಾಗಿ ಕೇಳಲಿಕ್ಕಿಲ್ಲ.

ಟಿ.ವಿ., ಮೇಜಿನ ಮೇಲೆ ಬಿಳಿ ಪುಡಿ ಕೂರುತ್ತಿದ್ದರೆ. ಅದು ನೀರಿನಲ್ಲಿದ್ದ ಸುಣ್ಣ. ಲೀಟರಿಗೆ 500 ಮಿಲಿಗ್ರಾಂ ಲವಣ ಇರುವ ಬೋರ್‌ವೆಲ್ ನೀರು ಮೂರು ಲೀಟರ್ ಹಾಕಿದರೆ ರಾತ್ರಿಗೆ ಒಂದೂವರೆ ಗ್ರಾಂ ಪುಡಿ ಕೋಣೆಯ ಗಾಳಿಗೆ. ಮೇಜಿನ ಮೇಲೆ ಕಂಡಿದ್ದು ಎದೆಯೊಳಗೂ ಹೋಗಿರುತ್ತದೆ. ಏರ್ ಪ್ಯೂರಿಫೈಯರ್ ಇರುವವರ ಮನೆಯಲ್ಲಿ ಅದರ ಕೆಂಪು ದೀಪ ಹತ್ತುತ್ತದೆ, ಪ್ಯೂರಿಫೈಯರ್ ಕೆಟ್ಟಿದೆ ಎಂದು ರಿಪೇರಿಗೆ ಕಳಿಸುತ್ತಾರೆ. ಕುದಿಸಿ ಆರಿಸಿದರೆ ರೋಗಾಣು ಸಾಯುತ್ತವೆ, ಲವಣ ಅಲ್ಲೇ ಇರುತ್ತದೆ. ಡಿಸ್ಟಿಲ್ಡ್ ನೀರು ಉತ್ತಮ, ಆರ್.ಓ. ನೀರು ಪರವಾಗಿಲ್ಲ. ಆದರೆ ರುಚಿಗೆಂದು ಖನಿಜ ಸೇರಿಸುವ ಆರ್.ಓ. ಆದರೆ ಪುಡಿ ಸ್ವಲ್ಪ ಬಂದೇ ಬರುತ್ತದೆ.

ಮನೆಯಲ್ಲಿ ಯಾರಿಗಾದರೂ ಉಬ್ಬಸ ಜೋರಾಗಿದ್ದರೆ, ಗೋಡೆಯಲ್ಲಿ ಬೂಷ್ಟು ಕಂಡರೆ. ಒಣಗಿಸಿ, ಬೂಷ್ಟು ತೆಗೆಸಿ, ಆಮೇಲೆ ಬೇಕೇ ಬೇಡವೇ ನೋಡೋಣ.

ಎಲ್ಲರೂ ಮಾಡುವ ತಪ್ಪುಗಳು

ನೀರಿಗೆ ಏನನ್ನಾದರೂ ಬೆರೆಸುವುದು ಎಲ್ಲಕ್ಕಿಂತ ದೊಡ್ಡ ತಪ್ಪು. ನೀಲಗಿರಿ ಎಣ್ಣೆ, ಕರ್ಪೂರ, ಶೀತದ ಮುಲಾಮು, ಡೆಟಾಲಿನಂಥ ಕ್ರಿಮಿನಾಶಕ ಯಾವುದೂ ಬೇಡ. ಇದನ್ನು ಗಟ್ಟಿಯಾಗಿ ಹೇಳಲು ಕಾರಣವಿದೆ. ದಕ್ಷಿಣ ಕೊರಿಯಾದಲ್ಲಿ ಹ್ಯುಮಿಡಿಫೈಯರ್ ನೀರು ಕೆಡದಿರಲೆಂದು ಬೆರೆಸುವ ಕ್ರಿಮಿನಾಶಕಗಳು 1994ರಿಂದ 2011ರವರೆಗೆ ಅಂಗಡಿಯಲ್ಲಿ ಸಲೀಸಾಗಿ ಸಿಗುತ್ತಿದ್ದವು. 2011ರಲ್ಲಿ ಸೋಲ್‌ನಲ್ಲಿ ಗರ್ಭಿಣಿಯರೂ ಬಾಣಂತಿಯರೂ ಕಾರಣ ತಿಳಿಯದ ಶ್ವಾಸಕೋಶದ ಕಾಯಿಲೆಯಿಂದ ಒಬ್ಬರ ಹಿಂದೊಬ್ಬರು ಆಸ್ಪತ್ರೆ ಸೇರಿದಾಗ ತನಿಖೆ ನಡೆದು, ಬೆರಳು ಈ ಬಾಟಲಿಗಳತ್ತ ತಿರುಗಿತು. ಅಷ್ಟರೊಳಗೆ ಪುಟ್ಟ ಮಕ್ಕಳೂ ಸೇರಿ ನೂರಾರು ಜನ ಸತ್ತಿದ್ದರು. ನೆಲ ಒರೆಸಲು ಸುರಕ್ಷಿತವಾದದ್ದು ಉಸಿರಿಗೆ ಸುರಕ್ಷಿತವಲ್ಲ. ಕೂಸಿನ ಒಳ್ಳೆಯದಕ್ಕೆಂದೇ ಆ ತಾಯಂದಿರು ಅದನ್ನು ಹಾಕಿದ್ದರು.

ತೊಟ್ಟಿಲಿಗೆ ಗುರಿಯಿಟ್ಟು ಮಂಜು ಬಿಡುವುದು ಇನ್ನೊಂದು ತಪ್ಪು. ಕುಲಾವಿ, ಹೊದಿಕೆ ಒದ್ದೆಯಾಗಿ ಕೂಸು ತಣ್ಣಗಾಗುತ್ತದೆ. ಯಂತ್ರ ತೊಟ್ಟಿಲಿನಿಂದ ಆರಡಿಯಾಚೆ ಇರಲಿ, ಬಾಯಿ ಗೋಡೆಗೂ ಬೇಡ, ತೊಟ್ಟಿಲಿಗೂ ಬೇಡ. ನೀರು ಕುದಿಸಿ ಹಬೆ ಬಿಡುವ ಯಂತ್ರದಲ್ಲಿ ಬಿಳಿ ಪುಡಿಯ ಕಾಟವಿಲ್ಲ, ರೋಗಾಣುವಿನ ಭಯವೂ ಕಡಿಮೆ. ಆದರೆ ಅಂಬೆಗಾಲಿಡುವ ಮಗು ವೈರೆಳೆದರೆ ಕುದಿನೀರು ಮೈಮೇಲೆ. ಮಕ್ಕಳ ಕೋಣೆಗೆ ಅದು ಬೇಡವೇ ಬೇಡ.

ಗಂಟಲು ಒಣಗಿದ್ದಕ್ಕೆಲ್ಲ ಗಾಳಿಯನ್ನು ದೂರುವುದೂ ಸರಿಯಲ್ಲ. ಮೂಗು ಕಟ್ಟಿ ಬಾಯಲ್ಲಿ ಉಸಿರಾಡಿದರೂ, ಗೊರಕೆ ಹೊಡೆದರೂ, ಕೆಲವು ಅಲರ್ಜಿ ಮಾತ್ರೆ ನುಂಗಿದರೂ ಬೆಳಿಗ್ಗೆ ಗಂಟಲು ಒಣಗಿರುತ್ತದೆ. ಮೀಟರ್ 50 ತೋರಿಸುತ್ತಿದ್ದೂ ಗಂಟಲು ಒಣಗುತ್ತಿದ್ದರೆ ಹ್ಯುಮಿಡಿಫೈಯರ್ ಅದಕ್ಕೆ ಉತ್ತರವಲ್ಲ.

ಎತ್ತಿಡುವ ಮುನ್ನ

ಓಡಿಸುವ ದಿನಗಳಲ್ಲೇ ಎರಡು ಮೂರು ದಿನಕ್ಕೊಮ್ಮೆ ತೊಳೆಯುವ ರೂಢಿ ಇದ್ದರೆ ಕೊನೆಯ ದಿನದ ಕೆಲಸ ಹಗುರ.

1. ಪ್ಲಗ್ ತೆಗೆದು, ಟ್ಯಾಂಕಿನ ನೀರಷ್ಟೇ ಅಲ್ಲ, ಬುಡದ ತಟ್ಟೆಯ ನೀರನ್ನೂ ಚೆಲ್ಲಿ. ಎಲ್ಲರೂ ಮರೆಯುವುದು ಬುಡವನ್ನು.

2. ಬಿಳಿ ವಿನೆಗರ್ ಮತ್ತು ನೀರು ಸಮಸಮ ಬೆರೆಸಿ ಅರ್ಧ ಗಂಟೆ ಬಿಡಿ. ಸುಣ್ಣದ ಹಕ್ಕಳೆ ಮೆತ್ತಗಾಗುತ್ತದೆ. ನಡುಗುವ ತಟ್ಟೆಯನ್ನು ಹತ್ತಿಯಿಂದ ಒರೆಸಿ, ಚಾಕು, ಸ್ಕ್ರಬ್ಬರ್ ಹಾಕಿ ಕೆರೆಯಬೇಡಿ. ವಿನೆಗರ್ ಜೊತೆ ಬ್ಲೀಚ್ ಸೇರಿಸಿದರೆ ವಿಷದ ಅನಿಲ ಏಳುತ್ತದೆ, ಎರಡನ್ನೂ ಒಟ್ಟಿಗೆ ತರಲೇಬೇಡಿ.

3. ಎರಡು ಮೂರು ಸಲ ಒಳ್ಳೆ ನೀರಿನಲ್ಲಿ ಜಾಲಿಸಿ, ಬಿಡಿಭಾಗಗಳನ್ನು ಬಿಚ್ಚಿ ಎರಡು ದಿನ ಗಾಳಿಗೆ ಒಣಗಲು ಬಿಡಿ. ಬತ್ತಿ ಇದ್ದರೆ ಬಿಸಾಡಿ, ಮುಂದಿನ ವರ್ಷ ಹೊಸದು ಹಾಕಿ.

4. ಮುಚ್ಚಳ ಬಿಗಿಯದೆ, ಪ್ಲಾಸ್ಟಿಕ್ ಚೀಲದಲ್ಲಿ ಸುತ್ತದೆ, ರಟ್ಟಿನ ಡಬ್ಬದಲ್ಲಿಟ್ಟು ಅಟ್ಟಕ್ಕೆ ಹಾಕಿ.

ಮೀಟರನ್ನು ಮಾತ್ರ ಅಟ್ಟಕ್ಕೆ ಹಾಕಬೇಡಿ. ಅದು ಗೋಡೆಯ ಮೇಲೆಯೇ ಇರಲಿ. ಆಷಾಢದಲ್ಲಿ ಅದು 80 ತೋರಿಸುವಾಗ ಬೀರನ್ನು ಗೋಡೆಯಿಂದ ನಾಲ್ಕು ಬೆರಳು ಮುಂದಕ್ಕೆ ಎಳೆದಿಡಲು ನೆನಪಾಗುತ್ತದೆ. ನಮ್ಮ ಮನೆಯಲ್ಲಿ ಈಗ ಅದನ್ನು ದಿನವೂ ಓದುವವರು ನಮ್ಮತ್ತೆ. ಕನ್ನಡಕ ಏರಿಸಿ ನೋಡಿ, ಅಂಕೆಯನ್ನು ಕ್ಯಾಲೆಂಡರಿನ ಮೂಲೆಯಲ್ಲಿ, ಹಾಲಿನ ಲೆಕ್ಕದ ಪಕ್ಕ ಬರೆದಿಡುತ್ತಾರೆ.